ಕಾಡಿನಲ್ಲಿ ಡೇರೆ ಹೂಡುವ ಮುನ್ನ ತೊರೆಯ ಬಗ್ಗೆ ಯೋಚಿಸಿ

ಮಳೆಗಾಲ ಮುಗಿದು ಚಳಿ ಶುರುವಾದರೆ ಡೇರೆ ಕಟ್ಟಿಕೊಂಡು ಘಟ್ಟದ ಕಡೆಗೆ ಹೊರಡುವ ಕುಟುಂಬಗಳು ಈಗ ನಮ್ಮಲ್ಲೂ ಹೆಚ್ಚುತ್ತಿವೆ. ಒಳ್ಳೆಯ ಸಂಗತಿಯೇ. ಮಕ್ಕಳು ಎರಡು ದಿನ ಮೊಬೈಲ್ ಮರೆತು ಮಣ್ಣಿನಲ್ಲಿ ಆಡುತ್ತಾರೆ, ರಾತ್ರಿ ನಕ್ಷತ್ರ ಎಣಿಸುತ್ತಾರೆ. ಆದರೆ ಒಂದು ಮಾತು. ಹೊರಡುವಾಗ ಬಿರಿಯಾನಿ ಪಾತ್ರೆ, ಹೊದಿಕೆ, ಟಾರ್ಚ್ ಎಲ್ಲವನ್ನೂ ನೆನಪಿಟ್ಟು ತುಂಬಿಸುತ್ತೇವೆ. ಶೌಚಕ್ಕೆ ಎಲ್ಲಿ ಹೋಗುವುದು, ಪಾತ್ರೆ ಎಲ್ಲಿ ತೊಳೆಯುವುದು ಎಂದು ಮಾತ್ರ ಯಾರೂ ಕೇಳುವುದಿಲ್ಲ. ಅಲ್ಲಿಗೆ ಹೋದ ಮೇಲೆ ಎಲ್ಲರೂ ತೊರೆಯ ಬದಿಗೇ ನಡೆಯುತ್ತಾರೆ.

ಆ ತೊರೆ ಎಲ್ಲಿಗೆ ಹೋಗುತ್ತದೆ? ಕುದುರೆಮುಖದ ಸಾಲಿನ ಗಂಗಾಮೂಲವನ್ನು ತುಂಗಾ, ಭದ್ರಾ, ನೇತ್ರಾವತಿ ಮೂರೂ ನದಿಗಳ ಮೂಲವೆನ್ನುತ್ತಾರೆ. ಶಿವಮೊಗ್ಗದವರು ಕುಡಿಯುವುದು ತುಂಗೆಯ ನೀರು, ಮಂಗಳೂರಿನ ನಲ್ಲಿಗಳಲ್ಲಿ ಬರುವುದು ನೇತ್ರಾವತಿಯ ನೀರು. ಪಟ್ಟಣದವರಿಗಾದರೂ ನೀರು ಶುದ್ಧೀಕರಿಸಿ ಬರುತ್ತದೆ. ಘಟ್ಟದ ಬುಡದ ಒಂಟಿ ಮನೆಗಳಿಗೆ ಅದೂ ಇಲ್ಲ. ಅಲ್ಲಿ ತೊರೆಗೇ ಪೈಪ್ ಹಾಕಿ ನೀರನ್ನು ಮನೆಗೆ ತರುತ್ತಾರೆ. ನಿಮ್ಮ ಡೇರೆಯಿಂದ ಒಂದು ಕಿಲೋಮೀಟರ್ ಕೆಳಗೆ ಯಾವುದೋ ಮಗು ಆ ನೀರನ್ನೇ ಕುಡಿಯುತ್ತಿರಬಹುದು. ಟೈಫಾಯಿಡ್, ಹಳದಿ ಕಾಮಾಲೆ, ಭೇದಿ ಹರಡುವುದು ಇಂತಹ ದಾರಿಯಲ್ಲೇ.

ಮೊದಲು ಜಾಗದ ವಿಷಯ. ಅಭಯಾರಣ್ಯ, ರಾಷ್ಟ್ರೀಯ ಉದ್ಯಾನಗಳಲ್ಲಿ ಮನಬಂದಲ್ಲಿ ಡೇರೆ ಹೂಡುವಂತಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಅಭಯಾರಣ್ಯದಲ್ಲಿ ಕಸ ಹಾಕುವುದು, ಬೆಂಕಿ ಹಚ್ಚುವುದು ಎರಡೂ ನಿಷಿದ್ಧ. 1,712 ಮೀಟರ್ ಎತ್ತರದ ಕುಮಾರಪರ್ವತಕ್ಕೆ 2024ರ ಜನವರಿಯಲ್ಲಿ ಜನ ಮುಗಿಬಿದ್ದ ಮೇಲೆ ಅರಣ್ಯ ಇಲಾಖೆ ಚಾರಣವನ್ನು ಕೆಲಕಾಲ ನಿಲ್ಲಿಸಿ, ಆನ್‌ಲೈನ್‌ನಲ್ಲಿ ಮುಂಗಡ ಟಿಕೆಟ್ ಪಡೆಯುವ ನಿಯಮ ತಂದಿತು. ಇದರಿಂದ ಹಲವರಿಗೆ ಕಿರಿಕಿರಿಯಾಯಿತು. ನನಗಂತೂ ಇದು ತಡವಾಗಿ ಬಂದ ಒಳ್ಳೆಯ ನಿಯಮ ಅನಿಸಿದೆ. ಕುಟುಂಬದೊಂದಿಗೆ ರಾತ್ರಿ ಉಳಿಯಬೇಕೆಂದರೆ ಕಾವೇರಿ ದಂಡೆಯ ಭೀಮೇಶ್ವರಿ, ಗಾಳಿಬೋರೆಯಂತಹ ಕಡೆ ಸರಕಾರದ ಜಂಗಲ್ ಲಾಡ್ಜಸ್ ನಡೆಸುವ ಶಿಬಿರಗಳಿವೆ. ಕಾಫಿ, ಅಡಿಕೆ ತೋಟದ ಮಾಲಕರ ಒಪ್ಪಿಗೆ ಪಡೆದು ತೋಟದ ಅಂಚಿನಲ್ಲೂ ಡೇರೆ ಹಾಕಬಹುದು. ಚಿಕ್ಕ ಮಕ್ಕಳಿದ್ದರೆ ಶೌಚಾಲಯವಿರುವ ಜಾಗವನ್ನೇ ಆರಿಸಿ.

ಶೌಚಾಲಯವಿಲ್ಲದಿದ್ದರೆ? ತೊರೆ, ಕೆರೆ, ಕಾಲುದಾರಿ, ಡೇರೆ ಎಲ್ಲದರಿಂದಲೂ 70 ದೊಡ್ಡ ಹೆಜ್ಜೆ, ಅಂದರೆ ಸುಮಾರು 200 ಅಡಿ ದೂರ ಹೋಗಿ. ಪುಟ್ಟ ಹಾರೆಯಿಂದ 6ರಿಂದ 8 ಇಂಚು ಆಳದ ಗುಂಡಿ ತೋಡಿ. ಇನ್ನೂ ಆಳ ಬೇಡ. ಮಲವನ್ನು ಕೊಳೆಯಿಸಿ ಗೊಬ್ಬರವಾಗಿಸುವ ಸೂಕ್ಷ್ಮಜೀವಿಗಳು ಮೇಲ್ಮಣ್ಣಿನಲ್ಲೇ ಹೆಚ್ಚಾಗಿರುವುದು. ಮುಗಿದ ಮೇಲೆ ಅದೇ ಮಣ್ಣು ಮುಚ್ಚಿ, ತರಗೆಲೆ ಹರಡಿ. ಬೇಸಿಗೆಯಲ್ಲಿ ಒಣಗಿರುವ ಹಳ್ಳದ ಪಾತ್ರ ಮರೆಯಾಗಿದೆಯೆಂದು ಅಲ್ಲಿ ಕೂರಬೇಡಿ. ಮೊದಲ ಮಳೆಗೆ ಎಲ್ಲವೂ ಕೆಳಗೆ ಹೋಗುತ್ತದೆ. ನೀರಿನ ತಾಣ, ಜನ ನಡೆಯುವ ದಾರಿ, ನೆರಳು ಈ ಮೂರು ಕಡೆ ಮಲವಿಸರ್ಜನೆ ಮಾಡಬಾರದೆಂದು ಹದೀಸ್‌ನಲ್ಲಿ ಎಚ್ಚರಿಸಲಾಗಿದೆ. ಚಾರಣದ ತರಬೇತಿಯಲ್ಲಿ ಇಂದು ಕಲಿಸುವ ಮೊದಲ ಪಾಠವೂ ಬಹುತೇಕ ಅದೇ.

ಈ ವಿಷಯದಲ್ಲಿ ನಮಗೊಂದು ಅನುಕೂಲವೂ ಇದೆ. ಜನಪ್ರಿಯ ಚಾರಣದ ಜಾಗಗಳಲ್ಲಿ ಪೊದೆಗಳ ಹಿಂದೆ ಬಿದ್ದಿರುವ ಕಸದಲ್ಲಿ ಟಿಶ್ಯೂ ಕಾಗದ, ಒದ್ದೆ ವೈಪ್ಸ್‌ಗಳೇ ಹೆಚ್ಚು. ವೈಪ್ಸ್ ನೋಡಲು ಕಾಗದದಂತಿದ್ದರೂ ಹೆಚ್ಚಿನವುಗಳಲ್ಲಿ ಪ್ಲಾಸ್ಟಿಕ್ ಎಳೆಗಳಿರುತ್ತವೆ, ಕೊಳೆಯುವುದಿಲ್ಲ. ನೀರಿನಿಂದ ಶುಚಿ ಮಾಡಿಕೊಳ್ಳುವ ಅಭ್ಯಾಸವಿರುವ ನಮಗೆ ಒಂದು ಬಾಟಲಿ ಸಾಕು. ನೀರು ಗುಂಡಿಯೊಳಗೇ ಬೀಳುವಂತೆ ನೋಡಿಕೊಳ್ಳಿ. ಆಮೇಲೆ ಕೈಗೆ ಸಾಬೂನು ಹಾಕಿ ತೊಳೆಯಿರಿ. ಬರೀ ನೀರಿನಲ್ಲಿ ಅದ್ದಿದರೆ ಸಾಲದು.

ಮಗುವಿನ ಡಯಪರ್, ಸ್ಯಾನಿಟರಿ ಪ್ಯಾಡ್‌ಗಳನ್ನು ಹೂಳಬೇಡಿ, ಸುಡಲೂ ಬೇಡಿ. ಹೂತರೆ ಕಾಡುಹಂದಿ ಅಗೆಯುತ್ತದೆ, ಸುಟ್ಟರೆ ಪ್ಲಾಸ್ಟಿಕ್ ಹೊಗೆ ಬರುತ್ತದೆ. ಎರಡು ಚೀಲಗಳೊಳಗೆ ಬಿಗಿಯಾಗಿ ಕಟ್ಟಿ ಮನೆಗೇ ತನ್ನಿ. ಹೆಂಗಸರ ಬಗ್ಗೆ ಇನ್ನೊಂದು ಮಾತು ಹೇಳಲೇಬೇಕು. ಮರೆಯಿಲ್ಲವೆಂಬ ಸಂಕೋಚದಿಂದ ಎಷ್ಟೋ ಮಂದಿ ದಿನವಿಡೀ ನೀರೇ ಕುಡಿಯುವುದಿಲ್ಲ, ಮೂತ್ರ ತಡೆದುಕೊಳ್ಳುತ್ತಾರೆ. ಮೂತ್ರನಾಳದ ಸೋಂಕಿಗೆ ಇದು ನೇರ ದಾರಿ. ಎರಡು ಹಳೆಯ ಬೆಡ್‌ಶೀಟ್, ಒಂದು ಹಗ್ಗ ಇದ್ದರೆ ಮರಗಳ ನಡುವೆ ಮರೆ ಕಟ್ಟಬಹುದು. ಡೇರೆ ಹಾಕುವ ಮೊದಲೇ ಗಂಡಸರು ಆ ಕೆಲಸ ಮುಗಿಸಲಿ.

ಇನ್ನು ಸಾಬೂನು. 'ಪರಿಸರಸ್ನೇಹಿ' ಎಂದು ಬರೆದಿರುವ ಸಾಬೂನಿಗೂ ಕೊಳೆಯಲು ಮಣ್ಣು ಬೇಕು. ತೊರೆಗೆ ಬಿದ್ದರೆ ಅದೂ ವಿಷವೇ. ಉತ್ತರ ಕನ್ನಡದ ಕತ್ತಲೆಕಾನಿನ ತೊರೆಗಳಲ್ಲಿ ಕುಂಬಾರ ಕಪ್ಪೆ ಎಂಬ ಜೀವಿಯಿದೆ. ವಿಜ್ಞಾನಿಗಳು ಅದನ್ನು ಹೊಸ ಪ್ರಭೇದವೆಂದು ಗುರುತಿಸಿದ್ದು 2014ರಲ್ಲಿ. ಗಂಡು ಕಪ್ಪೆ ಮುಂಗಾಲಿನಿಂದ ಕೆಸರು ತೆಗೆದು ಮೊಟ್ಟೆಗಳ ಮೇಲೆ ಮೆತ್ತುತ್ತದೆ, ಕುಂಬಾರ ಮಡಕೆಗೆ ಮಣ್ಣು ಮೆತ್ತಿದ ಹಾಗೆ. ಕಪ್ಪೆಗಳು ಚರ್ಮದ ಮೂಲಕವೂ ಉಸಿರಾಡುತ್ತವೆ, ನೀರು ಹೀರುತ್ತವೆ. ಶಾಂಪೂ, ಡಿಟರ್ಜೆಂಟ್, ಸೊಳ್ಳೆ ಓಡಿಸುವ ಕ್ರೀಮ್ ಎಲ್ಲವೂ ಆ ಚರ್ಮವನ್ನು ನೇರವಾಗಿ ತಲುಪುತ್ತವೆ. ಮಕ್ಕಳು ಅಣೆಕಟ್ಟು ಆಟವಾಡಲು ತೊರೆಯ ಕಲ್ಲು ಕೀಳುವುದನ್ನೂ ತಡೆಯಿರಿ. ಕಲ್ಲಿನ ಅಡಿಯಲ್ಲಿ ಒಂದು ಊರೇ ಇರುತ್ತದೆ.

ಆದ್ದರಿಂದ ನೀರನ್ನು ಬಕೆಟ್‌ನಲ್ಲಿ ತುಂಬಿ ಅದೇ 70 ಹೆಜ್ಜೆ ದೂರ ತಂದು ಸ್ನಾನ ಮಾಡಿ, ಪಾತ್ರೆ ತೊಳೆಯಿರಿ. ಪಾತ್ರೆಯ ಜಿಡ್ಡಿಗೆ ಬೂದಿ ಹಾಕಿ ಉಜ್ಜುವುದು ಅಜ್ಜಿಯರ ಕಾಲದ ವಿದ್ಯೆ, ಅದು ಇಲ್ಲಿ ಬಹಳ ಉಪಯೋಗ. ವುಝೂವನ್ನೂ ಮಗ್‌ನಲ್ಲಿ ನೀರು ತೆಗೆದುಕೊಂಡು ಮಾಡಿ. ಪ್ರವಾದಿ(ಸ)ಯವರು ಒಂದು ಮುದ್ದ್ ನೀರಿನಲ್ಲಿ ವುಝೂ ಮಾಡುತ್ತಿದ್ದರೆಂದು ಹದೀಸ್‌ಗಳಲ್ಲಿದೆ. ಅದು ಎರಡು ಕೈ ಜೋಡಿಸಿದ ಬೊಗಸೆಯಷ್ಟು ಅಳತೆ. ಮನೆಯಲ್ಲಿ ನಲ್ಲಿ ತೆರೆದಿಟ್ಟು ವುಝೂ ಮಾಡಿ ಅಭ್ಯಾಸವಾದ ಮಕ್ಕಳಿಗೆ ಒಂದು ಬಾಟಲಿಯಲ್ಲಿ ಮುಗಿಸಲು ಹೇಳಿ ನೋಡಿ, ಅವರಿಗೆ ಅದೊಂದು ಆಟವಾಗುತ್ತದೆ.

ಕುಡಿಯುವ ನೀರನ್ನು ಕುದಿಸಲೇಬೇಕು. ಚೆನ್ನಾಗಿ ಮರಳಲು ಶುರುವಾದ ಮೇಲೆ ಒಂದು ನಿಮಿಷ ಸಾಕು. ಬಹಳ ಎತ್ತರದ ಬೆಟ್ಟಗಳಲ್ಲಿ 3 ನಿಮಿಷ ಬೇಕೆನ್ನುತ್ತಾರೆ. ಆದರೆ ಕರ್ನಾಟಕದ ಅತಿ ಎತ್ತರದ ಮುಳ್ಳಯ್ಯನಗಿರಿಯೂ 1,930 ಮೀಟರ್ ಅಷ್ಟೇ, ಆ ಲೆಕ್ಕ ನಮಗೆ ಬೇಡ. ಅಡುಗೆಗೆ ಸಣ್ಣ ಗ್ಯಾಸ್ ಒಲೆ ಒಯ್ಯಿರಿ. ಜನವರಿ ಕಳೆದ ಮೇಲೆ ಘಟ್ಟದ ಹುಲ್ಲು ಬಾಣಲೆಯಂತೆ ಒಣಗಿರುತ್ತದೆ, ಒಂದು ಕಿಡಿ ಸಾಕು. ಫೋಟೋ ಚೆನ್ನಾಗಿ ಬರುತ್ತದೆಂದು ಮರ ಕಡಿದು ಬೆಂಕಿ ಹಾಕುವುದಂತೂ ಬೇಡವೇ ಬೇಡ.

ಮಾಂಸದ ಊಟವನ್ನು ಮೊದಲ ದಿನವೇ ಮುಗಿಸಿ. ಮೂಳೆ, ಉಳಿದ ಅನ್ನ, ಕಿತ್ತಳೆ ಸಿಪ್ಪೆಯನ್ನು 'ಪ್ರಾಣಿಗಳು ತಿನ್ನುತ್ತವೆ' ಎಂದು ಎಸೆಯಬೇಡಿ. ತಿನ್ನುತ್ತವೆ ನಿಜ, ತೊಂದರೆ ಇರುವುದೇ ಅಲ್ಲಿ. ಡೇರೆಯ ಹತ್ತಿರ ಊಟ ಸಿಗುತ್ತದೆಂದು ಕಲಿತ ಮಂಗ, ಹಂದಿ, ಬೀದಿನಾಯಿ ಮುಂದೆ ಬರುವ ಕುಟುಂಬದ ಮಗುವಿನ ಕೈಗೇ ಬಾಯಿ ಹಾಕುತ್ತವೆ.

ಮಂಗಗಳೆಂದಾಗ ಮಂಗನ ಕಾಯಿಲೆಯನ್ನು ಮರೆಯುವಂತಿಲ್ಲ. 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಪತ್ತೆಯಾದ ಈ ಜ್ವರ ಉಣುಗು ಕಚ್ಚಿ ಬರುತ್ತದೆ. ಅದರ ಕಾಲ ಡಿಸೆಂಬರ್‌ನಿಂದ ಮೇ ತನಕ, ಅಂದರೆ ನಾವು ಡೇರೆ ಹೂಡುವ ಕಾಲವೇ. ಉದ್ದ ತೋಳಿನ ಬಟ್ಟೆ ಹಾಕಿ, ಪ್ಯಾಂಟನ್ನು ಕಾಲುಚೀಲದೊಳಗೆ ಸೇರಿಸಿ, ತರಗೆಲೆಯ ಮೇಲೆ ಹಾಗೇ ಕೂರಬೇಡಿ. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ ಅರಣ್ಯ ಅಥವಾ ಆರೋಗ್ಯ ಇಲಾಖೆಯವರಿಗೆ ತಿಳಿಸಿ. ಮನೆಗೆ ಬಂದ ಒಂದೆರಡು ವಾರದೊಳಗೆ ಯಾರಿಗಾದರೂ ಜ್ವರ ಬಂದರೆ, ಕಾಡಿಗೆ ಹೋಗಿದ್ದೆವೆಂದು ವೈದ್ಯರಿಗೆ ಮೊದಲೇ ಹೇಳಿ.

ಹೊರಡುವ ದಿನ ಡೇರೆ ಬಿಚ್ಚಿದ ಮೇಲೆ ಎಲ್ಲರೂ ಸಾಲಾಗಿ ನಿಂತು ಜಾಗವನ್ನೊಮ್ಮೆ ನೋಡುತ್ತಾ ನಡೆಯಿರಿ. ಚಾಕೊಲೇಟ್ ಕಾಗದದ ಹರಿದ ಮೂಲೆ, ಹಗ್ಗದ ತುಂಡು, ಹಿಜಾಬಿನ ಪಿನ್ ಸಿಕ್ಕೇ ಸಿಗುತ್ತವೆ. ಕಟ್ಟಿದ ಕಸದ ಚೀಲವನ್ನು ಘಟ್ಟ ಇಳಿದೊಡನೆ ಸಿಗುವ ಮೊದಲ ಹಳ್ಳಿಯ ರಸ್ತೆಬದಿಯಲ್ಲಿ ಇಳಿಸಬೇಡಿ. ಅಲ್ಲಿನ ಪುಟ್ಟ ಪಂಚಾಯಿತಿಗೆ ತನ್ನ ಊರಿನ ಕಸವೇ ಸಾಕಾಗಿರುತ್ತದೆ. ಕಾರಿನ ಡಿಕ್ಕಿಯಲ್ಲಿ ಒಂದು ಮುಚ್ಚಳದ ಬಕೆಟ್ ಇಟ್ಟುಕೊಂಡರೆ ವಾಸನೆಯಿಲ್ಲದೆ ನಿಮ್ಮ ಮನೆಯ ಬಾಗಿಲಿಗೆ ಬರುವ ಕಸದ ಗಾಡಿಯವರೆಗೂ ತರಬಹುದು.