ಕಿಟಕಿಯ ಬೆಳಕೇ ಸಾಕೆಂದ ಬಾಲು ಮಹೇಂದ್ರ

1977ರ ‘ಕೋಕಿಲ’ದಲ್ಲಿ ಕಮಲ್ ಹಾಸನ್ ಇದ್ದರು, ಶೋಭಾ ಇದ್ದರು. ಅದೇ ಚಿತ್ರದಿಂದ ಬೆಳ್ಳಿತೆರೆಗೆ ಬಂದ ಮೋಹನ್ ಆಮೇಲೆ ‘ಕೋಕಿಲ ಮೋಹನ್’ ಎಂದೇ ಹೆಸರಾದರು. ಅದನ್ನು ನಿರ್ದೇಶಿಸಿ, ಕ್ಯಾಮೆರಾ ಹಿಡಿದವರು ಶ್ರೀಲಂಕಾದ ಬಟ್ಟಿಕಲೋವಾ ಬಳಿ 1939ರಲ್ಲಿ ಹುಟ್ಟಿದ ತಮಿಳರು, ಬಾಲು ಮಹೇಂದ್ರ. ನಿರ್ದೇಶಕರಾಗಿ ಅವರ ಮೊದಲ ಚಿತ್ರ ಕನ್ನಡದ್ದು ಎಂಬುದನ್ನು ನಾವು ಇನ್ನಷ್ಟು ಹೆಮ್ಮೆಯಿಂದ ನೆನೆಯಬೇಕಿತ್ತು. ಆ ಕಪ್ಪುಬಿಳುಪು ಚಿತ್ರದ ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಛಾಯಾಗ್ರಹಣ ಕಲಿತ ಅವರಿಗೆ ಮೊದಲ ಅವಕಾಶ ಕೊಟ್ಟದ್ದು ಮಲಯಾಳ: ರಾಮು ಕಾರ್ಯಾಟ್‌ರ ‘ನೆಲ್ಲು’, 1974. ಮುಂದೆ ‘ಮುಳ್ಳುಂ ಮಲರುಂ’, ‘ಶಂಕರಾಭರಣಂ’. 1983ರಲ್ಲಿ ಮತ್ತೆ ಕನ್ನಡ. ಮಣಿರತ್ನಂ ಅವರ ಚೊಚ್ಚಲ ಚಿತ್ರ ‘ಪಲ್ಲವಿ ಅನುಪಲ್ಲವಿ’ಗೆ ಛಾಯಾಗ್ರಾಹಕರಾಗಿ ಬಂದರು.

ಕಿಟಕಿಯಿಂದ ಬೀಳುವ ಬೆಳಕು, ಇಳಿಹೊತ್ತಿನ ಬಿಸಿಲು, ಮಂಜು ಕವಿದ ಬೆಟ್ಟದ ದಾರಿ: ಸಿಕ್ಕ ಬೆಳಕಿನಲ್ಲೇ ಚಿತ್ರಿಸುವುದು ಅವರ ರೀತಿ. ಅವರ ‘ಮೂಂಡ್ರಾಂ ಪಿರೈ’ ಚಿತ್ರದ ಊಟಿ ಕಣ್ಣಿಗೆ ಕಟ್ಟುವುದು ಅದರಿಂದಲೇ.

ಬರಹಗಾರ ಬಾಲು ಮಹೇಂದ್ರರನ್ನು ಅರಿಯಲು ‘ವೀಡು’ (1988) ನೋಡಬೇಕು. ಮದರಾಸಿನಲ್ಲಿ ಕೆಲಸಕ್ಕೆ ಹೋಗುವ ಹೆಣ್ಣುಮಗಳೊಬ್ಬಳು ಮನೆ ಕಟ್ಟಲು ಹೊರಡುತ್ತಾಳೆ. ಅಷ್ಟೇ ಕಥೆ. ಸಾಲ, ಸಿಮೆಂಟು, ಕೈಕೊಡುವ ಕಂಟ್ರಾಕ್ಟರ್, ಸರ್ಕಾರಿ ಕಚೇರಿಯ ಅಲೆದಾಟ. ಹಾಡುಗಳಿಲ್ಲ, ಹಿನ್ನೆಲೆಗೆ ಇಳಯರಾಜಾ ಅವರ ‘ಹೌ ಟು ನೇಮ್ ಇಟ್’ ಸಂಗೀತ. ಆಕೆಯ ವಯಸ್ಸಾದ ತಾತ ಒಬ್ಬರೇ ಹೊರಟು, ಅರ್ಧ ಎದ್ದ ಮನೆಯನ್ನು ನೋಡಲು ಬರುವ ದೃಶ್ಯದಲ್ಲಿ ಮಾತಿಗೆ ಕೆಲಸವೇ ಇಲ್ಲ. ತಾತನ ಪಾತ್ರದ ಚೊಕ್ಕಲಿಂಗ ಭಾಗವತರ್ ಅವರ ನಡಿಗೆಯನ್ನು ಕ್ಯಾಮೆರಾ ಅವಸರವಿಲ್ಲದೆ ಹಿಂಬಾಲಿಸುತ್ತದೆ. ಬರೆದವರೇ ಚಿತ್ರಿಸಿದ್ದರಿಂದ ಮಾತ್ರ ಇಷ್ಟು ತಾಳ್ಮೆ ಸಾಧ್ಯವಾಯಿತು ಎನಿಸುತ್ತದೆ. ನಾಯಕಿ ಅರ್ಚನಾ ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಕೊಟ್ಟ ಚಿತ್ರವಿದು.

ಸಾಹಿತ್ಯದ ಗೀಳು ಅವರನ್ನು ಕಿರುತೆರೆಗೂ ಕರೆತಂದಿತು. ‘ಕಥೈ ನೇರಂ’ ಸರಣಿಯಲ್ಲಿ ತಮಿಳಿನ ಸಣ್ಣಕಥೆಗಳನ್ನು ಒಂದೊಂದಾಗಿ ದೃಶ್ಯಕ್ಕೆ ತಂದರು. ಆಮೇಲೆ ಚೆನ್ನೈನಲ್ಲಿ ‘ಸಿನಿಮಾ ಪಟ್ಟರೈ’ ಎಂಬ ಶಾಲೆ ತೆರೆದರು. ನಿರ್ದೇಶಕರಾದ ಬಾಲಾ, ವೆಟ್ರಿಮಾರನ್ ಇಬ್ಬರೂ ಅವರ ಕೈಕೆಳಗೆ ಸಹಾಯಕರಾಗಿ ಪಳಗಿದವರು.

ಎಪ್ಪತ್ತು ದಾಟಿದ ಮೇಲೆ ಬಂದದ್ದು ನಟನೆಯ ಸರದಿ. ‘ತಲೈಮುರೈಗಳ್’ (2013) ಚಿತ್ರವನ್ನು ಬರೆದು, ನಿರ್ದೇಶಿಸಿ, ಚಿತ್ರಿಸಿ, ಸಂಕಲಿಸಿದ್ದಲ್ಲದೆ ತಾತನ ಪಾತ್ರವನ್ನೂ ತಾವೇ ಮಾಡಿದರು. ಮಗನ ಮದುವೆಯಿಂದ ಮುನಿದು ದೂರವಾದ ಮುದುಕ, ತಮಿಳು ಬಾರದ ಮೊಮ್ಮಗನಿಗಾಗಿ ಕರಗುವ ಕಥೆ ಅದು. 2014ರ ಫೆಬ್ರುವರಿ 13ರಂದು ಅವರು ತೀರಿಕೊಂಡರು. ರಾಷ್ಟ್ರೀಯ ಭಾವೈಕ್ಯಕ್ಕಾಗಿ ಆ ಚಿತ್ರಕ್ಕೆ ನರ್ಗಿಸ್ ದತ್ ಪ್ರಶಸ್ತಿ ಘೋಷಣೆಯಾದದ್ದು ಅದೇ ವರ್ಷದ ಏಪ್ರಿಲ್‌ನಲ್ಲಿ.