ಸೃಜನ್ ಲೋಕೇಶ್

ಸೃಜನ್ ಲೋಕೇಶ್ (ಜನನ: ಜೂನ್ 28, 1980) ಕನ್ನಡದ ಹಾಸ್ಯ ಕಲಾವಿದ, ಕಿರುತೆರೆ ನಿರೂಪಕ, ಚಲನಚಿತ್ರ ನಟ ಹಾಗೂ ನಿರ್ಮಾಪಕ. 2015ರಲ್ಲಿ ಆರಂಭವಾದ 'ಮಜಾ ಟಾಕೀಸ್' ಕಾರ್ಯಕ್ರಮದ ಮೂಲಕ ಅವರು ನಾಡಿನಾದ್ಯಂತ ಪರಿಚಿತರಾದರು.

ಮನೆತನ

ಸೃಜನ್ ಅವರದು ಮೂರು ತಲೆಮಾರುಗಳ ಕಲಾವಿದರ ಮನೆತನ. ತಾತ ಸುಬ್ಬಯ್ಯ ನಾಯ್ಡು ಅವರು ಆರ್. ನಾಗೇಂದ್ರರಾಯರೊಡನೆ 'ಶ್ರೀ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿ'ಯನ್ನು ಕಟ್ಟಿದವರು. 1934ರಲ್ಲಿ ತೆರೆಕಂಡ ಮೊದಲ ಕನ್ನಡ ವಾಕ್ಚಿತ್ರ 'ಸತಿ ಸುಲೋಚನ'ದಲ್ಲಿ ಇಂದ್ರಜಿತುವಿನ ಪಾತ್ರ ವಹಿಸಿದವರು. ತಂದೆ ಲೋಕೇಶ್ 'ಭೂತಯ್ಯನ ಮಗ ಅಯ್ಯು' (1974), 'ಕಾಕನಕೋಟೆ', 'ಪರಸಂಗದ ಗೆಂಡೆತಿಮ್ಮ' (1978) ಚಿತ್ರಗಳ ನಟ. ತಾಯಿ ಗಿರಿಜಾ ಲೋಕೇಶ್ ಹಾಗೂ ಸಹೋದರಿ ಪೂಜಾ ಲೋಕೇಶ್ ಕೂಡ ಅಭಿನೇತ್ರಿಯರು. ಲೋಕೇಶ್ 2004ರಲ್ಲಿ ನಿಧನರಾದರು.

ಇಂಥ ಮನೆಯಲ್ಲಿ ಹುಟ್ಟಿದವರಿಗೆ ಅವಕಾಶ ಬೇಗ ಒದಗುತ್ತದೆ, ಹೋಲಿಕೆಯೂ ಅಷ್ಟೇ ಬೇಗ ಬೆನ್ನುಹತ್ತುತ್ತದೆ. ತಂದೆಯ ಹೆಸರು ನಿಂತಿದ್ದುದು ಗಂಭೀರ ಅಭಿನಯದ ಮೇಲೆ. ಮಗ ನೆಲೆ ಕಂಡುಕೊಂಡದ್ದು ಹಾಸ್ಯದಲ್ಲಿ, ಅದೂ ಕಿರುತೆರೆಯಲ್ಲಿ.

ವೃತ್ತಿಜೀವನ

ಬಾಲನಟರಾಗಿ 'ವೀರಪ್ಪನ್' (1991) ಚಿತ್ರದಲ್ಲಿಯೂ, ಶ್ರೀಕೃಷ್ಣ ಆಲನಹಳ್ಳಿಯವರ ಕಾದಂಬರಿಯನ್ನು ಆಧರಿಸಿ ತಂದೆಯೇ ನಿರ್ದೇಶಿಸಿದ 'ಭುಜಂಗಯ್ಯನ ದಶಾವತಾರ'ದಲ್ಲಿಯೂ ಕಾಣಿಸಿಕೊಂಡರು. ಮುಂದೆ 'ನೀಲ ಮೇಘ ಶ್ಯಾಮ' ಚಿತ್ರದಿಂದ ನಾಯಕನಟರಾದರೂ ಆ ಹಾದಿ ಬಹುದೂರ ಸಾಗಲಿಲ್ಲ. 'ಪೊರ್ಕಿ', 'ಚಿಂಗಾರಿ', 'ಜಗ್ಗುದಾದಾ' ಮೊದಲಾದ ಚಿತ್ರಗಳಲ್ಲಿ ಪೋಷಕ ಪಾತ್ರಗಳನ್ನು ನಿರ್ವಹಿಸಿದರು.

ಕಿರುತೆರೆಯಲ್ಲಿ ಮಾತ್ರ ಅವರಿಗೆ ಬಿಡುವಿರಲಿಲ್ಲ. 'ಮಜಾ ವಿತ್ ಸೃಜ', 'ಛೋಟಾ ಚಾಂಪಿಯನ್' ಮುಂತಾದ ಕಾರ್ಯಕ್ರಮಗಳನ್ನು ನಿರೂಪಿಸಿದರು. 2014ರ 'ಬಿಗ್ ಬಾಸ್ ಕನ್ನಡ' ಎರಡನೆಯ ಆವೃತ್ತಿಯಲ್ಲಿ ಸ್ಪರ್ಧಿಸಿ, ವಿಜೇತ ಅಕುಲ್ ಬಾಲಾಜಿಯವರ ನಂತರದ ಸ್ಥಾನ ಪಡೆದರು.

ಮಜಾ ಟಾಕೀಸ್

2015ರ ಫೆಬ್ರವರಿಯಲ್ಲಿ ಈಟಿವಿ ಕನ್ನಡ ವಾಹಿನಿಯಲ್ಲಿ 'ಮಜಾ ಟಾಕೀಸ್' ಆರಂಭವಾಯಿತು. ಅದೇ ವರ್ಷ ಆ ವಾಹಿನಿ 'ಕಲರ್ಸ್ ಕನ್ನಡ' ಎಂಬ ಹೆಸರನ್ನು ತಳೆಯಿತು. ಸೃಜನ್ ಅವರದೇ ಲೋಕೇಶ್ ಪ್ರೊಡಕ್ಷನ್ಸ್ ಇದನ್ನು ನಿರ್ಮಿಸಿತು. ಒಂದು ಮನೆ, ಅದರ ಚಿತ್ರವಿಚಿತ್ರ ಸದಸ್ಯರು, ಅವರ ನಡುವೆ ಬಂದು ಸಿಕ್ಕಿಕೊಳ್ಳುವ ಚಿತ್ರರಂಗದ ಅತಿಥಿ ಎಂಬ ಚೌಕಟ್ಟು ಹೊಸದಲ್ಲ. ಹಿಂದಿಯ 'ಕಾಮಿಡಿ ನೈಟ್ಸ್ ವಿತ್ ಕಪಿಲ್' (2013) ಇದಕ್ಕೆ ಮಾದರಿ. ಅದಕ್ಕೂ ಮೊದಲು ಬ್ರಿಟನ್ನಿನ ಬಿಬಿಸಿಯಲ್ಲಿ 'ದಿ ಕುಮಾರ್ಸ್ ಅಟ್ ನಂಬರ್ 42' (2001) ಇಂಥದೇ ಮನೆಯನ್ನು ತೋರಿಸಿತ್ತು. ಎರವಲು ಎಂಬ ಟೀಕೆ ಅಸತ್ಯವಲ್ಲ. ಆದರೆ ಚೌಕಟ್ಟನ್ನು ತುಂಬಿದ ಕಲಾವಿದರು ಕನ್ನಡದ ನೆಲದವರೇ ಆಗಿದ್ದರು. ನೀನಾಸಂನಲ್ಲಿ ತರಬೇತಾದ, ಮೈಸೂರಿನ 'ನಟನ' ತಂಡದ ಸ್ಥಾಪಕ ಮಂಡ್ಯ ರಮೇಶ್, ಕುರಿ ಪ್ರತಾಪ್, ಶ್ವೇತಾ ಚೆಂಗಪ್ಪ, ಮಿಮಿಕ್ರಿ ದಯಾನಂದ್ ಇದರಲ್ಲಿದ್ದರು; ನಿರ್ದೇಶಕ ಇಂದ್ರಜಿತ್ ಲಂಕೇಶ್ ಕಾಯಂ ಅತಿಥಿಯಾಗಿದ್ದರು.

ಇವರೆಲ್ಲರಲ್ಲಿ ವಿಶೇಷವಾಗಿ ಹೇಳಬೇಕಾದವರು ಅಪರ್ಣಾ. ಪುಟ್ಟಣ್ಣ ಕಣಗಾಲರ ಕೊನೆಯ ಚಿತ್ರ 'ಮಸಣದ ಹೂವು' (1985) ಮೂಲಕ ತೆರೆಗೆ ಬಂದು, ಚಂದನ ವಾಹಿನಿಯಲ್ಲಿ ಹಾಗೂ ಸರಕಾರಿ ಸಮಾರಂಭಗಳಲ್ಲಿ ಶುದ್ಧ ಕನ್ನಡದ ನಿರೂಪಣೆಗೆ ಹೆಸರಾಗಿದ್ದವರು ಅವರು. ಬೆಂಗಳೂರಿನ 'ನಮ್ಮ ಮೆಟ್ರೋ'ದ ಪ್ರಕಟಣೆಗಳ ಧ್ವನಿಯೂ ಅವರದೇ. ಅಂಥವರು ಇಲ್ಲಿ 'ಒನ್ ಅಂಡ್ ಓನ್ಲಿ ಸೂಪರ್‌ಸ್ಟಾರ್' ವರಲಕ್ಷ್ಮಿಯಾಗಿ, ತಮ್ಮ ಗಾಂಭೀರ್ಯವನ್ನು ತಾವೇ ಅಣಕಿಸಿಕೊಂಡು ನಗಿಸಿದರು. ಸೃಜನ್ ನಿರೂಪಕರಾಗಿ ತೋರಿದ ಜಾಣ್ಮೆಯೂ ಇಂಥಲ್ಲೇ ಇದೆ: ನಗೆಯ ಸರದಿಯನ್ನು ಜೊತೆಯವರಿಗೆ ಬಿಟ್ಟುಕೊಟ್ಟು, ತಾವು ಲಯವನ್ನಷ್ಟೇ ಕಾಯುತ್ತಾರೆ. ಅಪರ್ಣಾ 2024ರ ಜುಲೈ 11ರಂದು ನಿಧನರಾದರು.

ಮೈಕಟ್ಟು, ಬಣ್ಣಗಳನ್ನು ಹಾಸ್ಯದ ವಸ್ತುವಾಗಿಸುವುದು ಈ ಬಗೆಯ ಕಾರ್ಯಕ್ರಮಗಳ ದೊಡ್ಡ ಕೊರತೆ. 'ಮಜಾ ಟಾಕೀಸ್' ಕೂಡ ಅದರಿಂದ ಹೊರತಾಗಿರಲಿಲ್ಲ. ಭಾಷೆಯೂ ಹೆಚ್ಚಾಗಿ ಬೆಂಗಳೂರು–ಮೈಸೂರು ಸೀಮೆಯದು. ರಾಯಚೂರು, ಮಾನ್ವಿ, ದೇವದುರ್ಗಗಳ ಮನೆಗಳಲ್ಲೂ ಇಂಥ ಕಾರ್ಯಕ್ರಮಗಳನ್ನು ನೋಡುವವರಿದ್ದಾರೆ. ಅವರ ಆಡುಮಾತು ಅಲ್ಲಿ ಕೇಳಿಬರುವುದು ವಿರಳ, ಬಂದರೂ ಬಹುಮಟ್ಟಿಗೆ ಅನುಕರಣೆಯಾಗಿ.

ನಂತರದ ವರ್ಷಗಳು

2019ರಲ್ಲಿ ಹರಿಪ್ರಿಯಾ ಅವರೊಡನೆ 'ಎಲ್ಲಿದ್ದೆ ಇಲ್ಲಿ ತನಕ' ಚಿತ್ರದಲ್ಲಿ ಮತ್ತೆ ನಾಯಕರಾದರು. ಬಳಿಕ ಕಲರ್ಸ್ ಕನ್ನಡದ 'ರಾಜಾ ರಾಣಿ', 'ನನ್ನಮ್ಮ ಸೂಪರ್‌ಸ್ಟಾರ್', 'ಗಿಚ್ಚಿ ಗಿಲಿಗಿಲಿ' ಕಾರ್ಯಕ್ರಮಗಳಲ್ಲಿ ತೀರ್ಪುಗಾರರಾದರು. 2025ರಲ್ಲಿ 'ಮಜಾ ಟಾಕೀಸ್' ಹೊಸ ಆವೃತ್ತಿಯಾಗಿ ಮರಳಿತು. ಈ ಬಾರಿ ನಿರ್ದೇಶಕ ಯೋಗರಾಜ್ ಭಟ್ ತಂಡದಲ್ಲಿದ್ದರು.