ಕಡಲ ತಡಿಯಲ್ಲಿ ಮರದ ನೆಲ

ಸಾಗವಾನಿಯ ಸೀಮೆಯಲ್ಲಿ ಮನೆ ಕಟ್ಟುವವರಿಗೆ ಮರದ ನೆಲದ ಆಸೆ ಹುಟ್ಟಿದರೆ ಅದರಲ್ಲಿ ಆಶ್ಚರ್ಯವೇನಿಲ್ಲ. ಕಾಳಿ ನದಿಯ ಮೇಲ್ಭಾಗದಲ್ಲಿ ದಾಂಡೇಲಿಯ ದಟ್ಟಡವಿ. ಅದೇ ನದಿ ಕಡಲನ್ನು ಕೂಡುವೆಡೆಯಲ್ಲಿ ಕಾರವಾರ. ಹತ್ತೊಂಬತ್ತನೆಯ ಶತಮಾನದಲ್ಲಿ ಕಾಡಿನ ದಿಮ್ಮಿಗಳು ಈ ಹೊಳೆಯಲ್ಲಿಯೇ ತೇಲಿ ಕರಾವಳಿಗೆ ಇಳಿಯುತ್ತಿದ್ದವು. ದಾಂಡೇಲಿಯ ನಾಟಾ ಎಂದರೆ ಇಂದಿಗೂ ಬಡಗಿಗಳ ಕಣ್ಣು ಅರಳುತ್ತದೆ. ಆದರೆ ವರ್ಷಗಟ್ಟಲೆ ಕೂಡಿಟ್ಟ ಹಣವನ್ನು ಸುರಿದು ಕಾಂಕ್ರೀಟಿನ ಮೇಲೆ ಇಂಥ ಹಲಗೆಯನ್ನು ಹಾಸಿಸಿದ ಗೃಹಸ್ಥನು, ಮೊದಲ ಆಷಾಢದಲ್ಲಿಯೇ ಹಲಗೆಗಳು ಅಂಚೆತ್ತಿ ದೋಣಿಯಂತಾಗುವುದನ್ನೂ, ನಡುಮನೆಯ ನೆಲ ಉಬ್ಬಿ ಬಾಗಿಲಿಗೆ ತಾಗುವುದನ್ನೂ ಕಾಣಬೇಕಾಗಿ ಬರಬಹುದು. ಅಕ್ಷರಶಃ ನೀರಿನಲ್ಲಿ ಹೋಮ ಮಾಡಿದಂತೆ! ಆಗ ಬೈಗುಳ ಬೀಳುವುದು ಮರಕ್ಕೆ, ಇಲ್ಲವೆ ಬಡಗಿಗೆ. ನಿಜವಾದ ಅಪರಾಧಿ ನೀರು.

ಹಿರಿಯರ ಜಾಣ್ಮೆ

ಈ ಕಡೆಯ ಹಳೆಯ ಮನೆಗಳಲ್ಲಿ ಕೆಳಗಿನ ನೆಲಕ್ಕೆ ಸಗಣಿಯ ಸಾರಣೆ. ಅನಂತರದ ಕಾಲದಲ್ಲಿ ಕೆಂಪು ಸಿಮೆಂಟು. ಹಲಗೆಯ ನೆಲವಿದ್ದುದು ಮಾಳಿಗೆಯಲ್ಲಿ. ತೊಲೆಗಳ ಮೇಲೆ ಜೋಡಿಸಿದ ಆ ಹಲಗೆಗಳಿಗೆ ಮೇಲೂ ಗಾಳಿ, ಕೆಳಗೂ ಗಾಳಿ. ಎರಡು ಮುಖಗಳೂ ಸಮನಾಗಿ ತೇವವನ್ನು ಹೀರಿ, ಸಮನಾಗಿ ಆರುವುದರಿಂದ ಹಲಗೆ ಡೊಂಕಾಗುವುದಿಲ್ಲ. ಮಣ್ಣಿನ ಮೇಲೆ ಹಾಕಿದ ಕಾಂಕ್ರೀಟಿಗೆ ಅಂಟಿ ಮಲಗಿದ ಹಲಗೆಗೆ ಆ ಭಾಗ್ಯವಿಲ್ಲ. ಅದರ ಬೆನ್ನು ತೇವವನ್ನು ಕುಡಿಯುತ್ತಿರುವಾಗ ಮುಖ ಒಣಗಿರುತ್ತದೆ. ಬೆನ್ನು ಹಿಗ್ಗಿದಂತೆ ಅಂಚುಗಳು ಮೇಲೇಳುತ್ತವೆ.

ಕಾಂಕ್ರೀಟಿನೊಳಗಿನ ನೀರು

50 ಕಿಲೋ ಸಿಮೆಂಟಿನ ಒಂದು ಚೀಲಕ್ಕೆ ಸುಮಾರು 25 ಲೀಟರು ನೀರನ್ನು ಬೆರೆಸುವರೆಂದುಕೊಳ್ಳೋಣ. ಸಿಮೆಂಟಿನೊಡನೆ ರಾಸಾಯನಿಕವಾಗಿ ಕೂಡಿಕೊಳ್ಳುವುದು ಅದರಲ್ಲಿ ಸುಮಾರು ಅರ್ಧ ಮಾತ್ರ. ಉಳಿದ ನೀರಿನ ಬಹುಭಾಗ ಸೂಕ್ಷ್ಮ ರಂಧ್ರಗಳ ಮೂಲಕ ಮೆಲ್ಲಮೆಲ್ಲನೆ ಆವಿಯಾಗಿ ಹೋಗಬೇಕು. ನೀರುಣಿಸುವ ಕೆಲಸ ಮುಗಿದ ಮೇಲೆ ಒಂದು ಅಂಗುಲ ದಪ್ಪಕ್ಕೆ ಒಂದು ತಿಂಗಳೆಂಬುದು ಕಟ್ಟಡದವರ ಸ್ಥೂಲವಾದ ಲೆಕ್ಕ. 4 ಅಂಗುಲದ ನೆಲಕ್ಕೆ 4 ತಿಂಗಳು. ಅದಾದರೂ ಒಣ ಹವೆಯ ಮಾತು. ವರ್ಷಕ್ಕೆ 3000 ಮಿಲಿಮೀಟರಿನ ಆಸುಪಾಸಿನಲ್ಲಿ ಮಳೆ ಸುರಿಯುವ, ಅದರ ಬಹುಪಾಲು ಜೂನ್‌ನಿಂದ ಸೆಪ್ಟೆಂಬರಿನೊಳಗೇ ಬೀಳುವ ಈ ತೀರದಲ್ಲಿ ಮಳೆಗಾಲದ ತಿಂಗಳುಗಳನ್ನು ಲೆಕ್ಕಕ್ಕೆ ಹಿಡಿಯುವಂತೆಯೇ ಇಲ್ಲ. ಮೇಲ್ಮೈ ಬೆಳ್ಳಗೆ ಒಣಗಿದಂತೆ ಕಂಡರೂ ಒಡಲು ಹಸಿಯಾಗಿರುತ್ತದೆ. ಗೃಹಪ್ರವೇಶದ ಮುಹೂರ್ತವನ್ನು ಯಾರೂ ಕಾಂಕ್ರೀಟನ್ನು ಕೇಳಿ ಇಡುವುದಿಲ್ಲ. ಅನರ್ಥಕ್ಕೆ ಅದೇ ಮೂಲ.

ಮಣ್ಣಿನ ತೇವವೂ ದೀಪದ ಬತ್ತಿಯಲ್ಲಿ ಎಣ್ಣೆಯೇರುವಂತೆ ಕಾಂಕ್ರೀಟಿನಲ್ಲಿ ಮೇಲೇರುತ್ತದೆ. ಇದನ್ನು ತಡೆಯಲು ಕಾಂಕ್ರೀಟು ಸುರಿಯುವ ಮೊದಲೇ ಅದರಡಿಯಲ್ಲಿ ದಪ್ಪನೆಯ ಪಾಲಿಥೀನ್ ಹಾಳೆಯನ್ನು ಹಾಸಬೇಕು. ಕಡಲ ಮರಳನ್ನಂತೂ ಬಳಸಲಾಗದು. 1930ರಲ್ಲಿ ಉಪ್ಪಿನ ಸತ್ಯಾಗ್ರಹ ನಡೆಸಿದ ಅಂಕೋಲೆಯ ಜನಕ್ಕೆ, ಉಪ್ಪು ಗಾಳಿಯಿಂದ ನೀರನ್ನು ಹೀರುವುದೆಂದು ಬೇರೆ ಹೇಳಬೇಕೆ?

ನೆಲ ಒಣಗಿದೆಯೇ ಎಂಬುದನ್ನು ನೋಡಲು ಸುಲಭವಾದ ಪರೀಕ್ಷೆಯೊಂದುಂಟು. ಒಂದೂವರೆ ಅಡಿ ಚೌಕದ ಪಾರದರ್ಶಕ ಪಾಲಿಥೀನ್ ಹಾಳೆಯನ್ನು ನೆಲದ ಮೇಲೆ ಹರಡಿ, ನಾಲ್ಕು ಅಂಚುಗಳಿಗೂ ಬಿಗಿಯಾಗಿ ಟೇಪು ಅಂಟಿಸಿ, ಸಂಜೆಯಿಂದ ಮರುದಿನ ಮಧ್ಯಾಹ್ನದವರೆಗೆ ಬಿಡಬೇಕು. ಹಾಳೆಯ ಒಳಮೈಯಲ್ಲಿ ಹನಿಗಳು ಕಂಡರೆ, ಇಲ್ಲವೆ ಕೆಳಗಿನ ಸಿಮೆಂಟು ಕಪ್ಪಾಗಿದ್ದರೆ ಹಲಗೆಯ ಮಾತೇ ಬೇಡ. ಹನಿ ಕಾಣದಿದ್ದರೂ ಒಡಲು ಒಣಗಿದೆಯೆಂಬ ಭರವಸೆಯಿಲ್ಲ. ನೆಲದಲ್ಲಿ ರಂಧ್ರ ಕೊರೆದು ತೇವಮಾಪಕವನ್ನಿಟ್ಟು ನೋಡುವುದೇ ಲೇಸು.

ಮರದ ಲೆಕ್ಕ

ಒಣಗಿದ ಮರವೂ ಗಾಳಿಯೊಡನೆ ಕೊಡುಕೊಳ್ಳುವ ವ್ಯವಹಾರವನ್ನು ನಿಲ್ಲಿಸುವುದಿಲ್ಲ. ಮಳೆಗಾಲದ ತೋಯ್ದ ಹವೆಯಲ್ಲಿ ಅದರ ತೇವಾಂಶ ಶೇಕಡಾ 18ರ ಸಮೀಪಕ್ಕೇರಿದರೆ, ಒಣ ಹವೆಯಲ್ಲಿ 12ಕ್ಕಿಳಿಯುತ್ತದೆ. ಸಾಗವಾನಿ ಬಹಳ ಮರಗಳಿಗಿಂತ ಕಡಿಮೆ ಹಿಗ್ಗುವ ಜಾತಿಯೇನೋ ಹೌದು. ಆದರೂ 4 ಅಂಗುಲ ಅಗಲದ ಸಾಧಾರಣ ಸೀಳಿನ ಹಲಗೆ ಈ ಅಂತರದಲ್ಲಿ ಒಂದು ಮಿಲಿಮೀಟರಿಗಿಂತ ತುಸು ಹೆಚ್ಚು ಹಿಗ್ಗುತ್ತದೆ. 12 ಅಡಿಯ ಕೋಣೆಗೆ ಇಂಥ 36 ಹಲಗೆಗಳು ಬೇಕು. ಒಟ್ಟು ಹಿಗ್ಗು ಸುಮಾರು 4 ಸೆಂಟಿಮೀಟರು! ಗೋಡೆಯಿಂದ ಗೋಡೆಗೆ ಬಿಗಿದಿದ್ದರೆ ಉಬ್ಬದೆ ಗತಿಯೇನು?

ಬೆಳವಣಿಗೆಯ ಉಂಗುರಗಳು ಹಲಗೆಯ ಮುಖಕ್ಕೆ ನೆಟ್ಟಗೆ ನಿಲ್ಲುವಂತೆ ಸೀಳಿದ ಹಲಗೆ ಇದರ ಅರ್ಧದಷ್ಟೇ ಹಿಗ್ಗುತ್ತದೆ. ತೇವಾಂಶ 12ರಿಂದ 14ರೊಳಗಿರುವಾಗ ಅದನ್ನು ಹಾಸಿ, ಸುತ್ತಲೂ ಗೋಡೆಯಿಂದ 12 ಮಿಲಿಮೀಟರು ತೆರಪು ಬಿಟ್ಟರೆ ಮಳೆಗಾಲದ ಹಿಗ್ಗಿಗೆ ಅದು ಸಾಕಾಗುತ್ತದೆ. ಭಾರತೀಯ ಮಾನಕ 287 ಸಹ ದೇಶವನ್ನು ಹವೆಯ ತೇವಕ್ಕನುಗುಣವಾಗಿ ನಾಲ್ಕು ವಲಯಗಳಾಗಿ ವಿಂಗಡಿಸಿ, ಮರ ಎಲ್ಲಿ ಎಷ್ಟು ಒಣಗಿರಬೇಕೆಂದು ಗೊತ್ತುಪಡಿಸಿದೆ. ಒಳನಾಡಿನ ಲೆಕ್ಕ ಕಡಲ ತೀರಕ್ಕೆ ಹೊಂದದೆಂಬುದೇ ಇದರ ಸಾರ.

ಹಾಸುವ ಕ್ರಮ

ಮಳೆ ನಿಂತು, ಮಾಡು ಭದ್ರವಾದ ಮೇಲೆ ನವೆಂಬರಿನಲ್ಲಿ ಕಾಂಕ್ರೀಟು. ಮಾರ್ಚ್ ಇಲ್ಲವೆ ಏಪ್ರಿಲ್‌ನಲ್ಲಿ ಹಲಗೆ. ಅದಕ್ಕೂ ಎರಡು ವಾರ ಮೊದಲೇ ಹಲಗೆಗಳನ್ನು ಅದೇ ಕೋಣೆಯಲ್ಲಿ ನಡುನಡುವೆ ರೀಪಿಟ್ಟು ಪೇರಿಸಿದರೆ ಮರ ಮನೆಯ ಹವೆಗೆ ಹೊಂದಿಕೊಳ್ಳುತ್ತದೆ. ಒಣಗಿದ ನೆಲದ ಮೇಲೆ ಇನ್ನೊಂದು ಪಾಲಿಥೀನ್ ಹಾಳೆ. ಅದರ ಮೇಲೆ ಗೆದ್ದಲಿನ ಔಷಧಿಯುಂಡ ರೀಪುಗಳು. ರೀಪುಗಳ ಮೇಲೆ ಹಲಗೆ. ಸ್ಕ್ರೂ ಹಾಯ್ದು ಹಾಳೆ ತೂತಾದೆಡೆಗಳನ್ನು ಅಂಟಿನಿಂದ ಮುಚ್ಚಬೇಕು. ಗೋಡೆಯಂಚಿನ ಪಟ್ಟಿಯಲ್ಲಿ ಕಿಂಡಿಗಳನ್ನು ಬಿಟ್ಟರೆ ಹಲಗೆಯಡಿಯಲ್ಲಿ ಮಾಳಿಗೆಯ ಗಾಳಿ ಸ್ವಲ್ಪವಾದರೂ ಆಡೀತು. ಉಪ್ಪುಗಾಳಿಗೆ ಕಬ್ಬಿಣ ಬಾಳದು. ಹಿತ್ತಾಳೆಯ ಇಲ್ಲವೆ ತುಕ್ಕುಹಿಡಿಯದ ಉಕ್ಕಿನ ಸ್ಕ್ರೂಗಳೇ ಲೇಸು. ಸಾಗವಾನಿಯ ಕೆಚ್ಚನ್ನು ಗೆದ್ದಲು ಸುಲಭವಾಗಿ ಮುಟ್ಟದಾದರೂ ಹೊರಗಿನ ಬಿಳಿಯ ಮರವನ್ನು ಬಿಡದು. ಕೊಳ್ಳುವಾಗ ಅದನ್ನು ತೆಗೆಸಿಹಾಕಬೇಕು.

ಒಂದು ಚಳಿಗಾಲ ಕಾಯಲಾರದವರು ಕೆಳಗಿನ ನೆಲಕ್ಕೆ ಕೆಂಪು ಸಿಮೆಂಟನ್ನೇ ಹಾಕಿಸಿ, ಮರವನ್ನು ಮಾಳಿಗೆಗೆ ಮೀಸಲಿಡುವುದು ಒಳ್ಳೆಯದು. ಅಲ್ಲಿಯೂ ಕಾಂಕ್ರೀಟು ಒಣಗಲೇಬೇಕು. ಆದರೆ ಮಣ್ಣಿನ ತೇವದ ಕಾಟವಾದರೂ ತಪ್ಪುತ್ತದೆ.